ಮೂವತ್ತು ಕುಣಿಕೆಯ ಮಸಿ ಅರಿವೆ

ಕೈಯಿಂದ ಮಾಡುವ ಕೆಲಸವನ್ನು ಬರೀ ಬಾಯಿಮಾತಿನಲ್ಲಿ ಹೇಳಿಕೊಡಲು ಆದೀತೇ ಎಂದು ಎರಡು ವಾರದಿಂದ ಯೋಚಿಸುತ್ತಿದ್ದೆ. ರೇಡಿಯೊದಲ್ಲಿ ನನ್ನ ಬೆರಳು ನಿಮಗೆ ಕಾಣುವುದಿಲ್ಲ, ನಿಮ್ಮ ಸೂಜಿ ನನಗೆ ಕಾಣುವುದಿಲ್ಲ. ಆಮೇಲೆ ನೆನಪಾಯಿತು, ನಾನು ಕ್ರೋಶಾ ಕಲಿತದ್ದೇ ಅರೆಗತ್ತಲಲ್ಲಿ. ಖಾನಾಪುರದ ನಮ್ಮ ಓಣಿಯಲ್ಲಿ ಆರಿದ್ರಾ ಮಳೆ ಹಿಡಿದರೆ ಸಂಜೆ ಹೊತ್ತಿಗೆ ಕರೆಂಟ್ ಹೋಗುವುದು ದಿನದ ಮಾತಾಗಿತ್ತು. ಇದ್ದ ಒಂದು ಕಂದೀಲು ಅಡುಗೆಮನೆಗೆ ಬೇಕು. ಪಕ್ಕದ ಮನೆಯ ಮಾವಶಿ ಪಡಸಾಲೆಯ ಕಂಬಕ್ಕೆ ಒರಗಿ ಕೂತು, ನನ್ನ ಕೈಗೆ ಸೂಜಿ ಕೊಟ್ಟು, ಕಣ್ಣಿನ ಗೊಡವೆಯೇ ಇಲ್ಲದವರಂತೆ ಹೇಳುತ್ತಿದ್ದರು: "ತೂರಸು, ಎಳಿ. ಸಿಗಸು, ಎಳಿ. ತೂರಸು, ಎಳಿ. ಸಿಗಸು, ಎಳಿ." ಹೊರಗೆ ಹಂಚಿನಿಂದ ಸುರಿಯುವ ನೀರು, ಒಳಗೆ ಈ ನಾಲ್ಕು ಮಾತು. ಒಂಬತ್ತು ವರ್ಷದ ನನ್ನ ಬೆರಳು ಅದನ್ನು ಕಿವಿಯಿಂದಲೇ ಕಲಿತವು. ಹಾಗಾಗಿ ಇವತ್ತು ನಿಮಗೂ ಕಿವಿಯಿಂದಲೇ ಕಲಿಸುವ ಧೈರ್ಯ ಮಾಡಿದ್ದೇನೆ.

ಮಾವಶಿಯ ಮನೆಮಾತು ಮರಾಠಿ, ನಮ್ಮದು ಕನ್ನಡ. ಅವರ ಬಾಯಲ್ಲಿ 'ಸಾಖಳಿ' ಆದದ್ದು ನಮ್ಮಲ್ಲಿ ಸರಪಳಿ. ಅವರ 'ಖಾಂಬ' ನಮಗೆ ಕಂಬ. ಎಲ್ಲಕ್ಕಿಂತ ಗಿಡ್ಡದಾದ, ಗಟ್ಟಿಯಾದ ಹೆಣಿಗೆಗೆ ಅವರು 'ಮುಕಾ ಖಾಂಬ' ಎನ್ನುತ್ತಿದ್ದರು. ಮಾತಾಡದ ಕಂಬ. ನಾವು ಅದನ್ನು ಮೂಕ ಕಂಬ ಎಂದೆವು. ಇವತ್ತಿಗೂ ನನಗೆ ಇದಕ್ಕಿಂತ ಒಳ್ಳೆಯ ಹೆಸರು ಸಿಕ್ಕಿಲ್ಲ. ಇಂಗ್ಲಿಷ್ ಹೆಸರುಗಳಲ್ಲಿ ದೊಡ್ಡ ಗೊಂದಲವಿದೆ. ಇಂಗ್ಲೆಂಡಿನ ಪುಸ್ತಕದಲ್ಲಿ 'ಡಬಲ್ ಕ್ರೋಶೆ' ಎಂದು ಬರೆದಿದ್ದನ್ನೇ ಅಮೆರಿಕದವರು 'ಸಿಂಗಲ್ ಕ್ರೋಶೆ' ಎನ್ನುತ್ತಾರೆ. ಅಜ್ಜಿಯ ಕಾಲದ ಪುಸ್ತಕ ಒಂದು ಕೈಯಲ್ಲಿ, ಮೊಬೈಲಿನ ವಿಡಿಯೊ ಇನ್ನೊಂದು ಕೈಯಲ್ಲಿ ಹಿಡಿದು ಕೂತ ಎಷ್ಟೋ ಹೆಣ್ಣುಮಕ್ಕಳು ಇಲ್ಲೇ ದಾರಿ ತಪ್ಪಿದ್ದಾರೆ. ತಪ್ಪು ಅವರ ಕೈಯದಲ್ಲ. ಮೂಕ ಕಂಬ ಎಂದರೆ ಬೆಳಗಾವಿಯಲ್ಲೂ ಅದೇ, ಬೇರೆಲ್ಲೂ ಅದೇ.

ಕ್ರೋಶಾ ಎಂಬ ಮಾತು ಫ್ರೆಂಚ್ ಭಾಷೆಯದು. ಸಣ್ಣ ಕೊಕ್ಕೆ ಎಂದಷ್ಟೇ ಅದರ ಅರ್ಥ. ತುದಿಯಲ್ಲಿ ಕೊಕ್ಕೆಯಿರುವ ಒಂದೇ ಒಂದು ಸೂಜಿ. ಸ್ವೆಟರ್ ಹೆಣೆಯುವ ಎರಡು ಕಡ್ಡಿಯ ಕೆಲಸ ಬೇರೆ. ಅಲ್ಲಿ ಕಡ್ಡಿಯ ಮೇಲೆ ನೂರಾರು ಕುಣಿಕೆ ಸಾಲಾಗಿ ಜೀವ ಹಿಡಿದು ನಿಂತಿರುತ್ತವೆ, ಕಡ್ಡಿ ಜಾರಿದರೆ ಎಲ್ಲವೂ ಉದುರುವ ಭಯ. ಕ್ರೋಶಾದಲ್ಲಿ ಯಾವ ಹೊತ್ತಿನಲ್ಲೂ ಬಿಚ್ಚಿಕೊಳ್ಳಬಲ್ಲದ್ದು ಒಂದೇ ಕುಣಿಕೆ. ಉಳಿದದ್ದೆಲ್ಲ ಕಟ್ಟಿಕೊಂಡು ಕೂತಿರುತ್ತದೆ. ಒಲೆಯ ಮೇಲೆ ಹಾಲು ಉಕ್ಕಿತೆಂದು ಎದ್ದು ಓಡಿದರೂ, ಕೂಸು ಎದ್ದು ಅತ್ತರೂ, ಆ ಒಂದು ಕುಣಿಕೆಯನ್ನು ತುಸು ದೊಡ್ಡದಾಗಿ ಎಳೆದಿಟ್ಟು ಹೋದರೆ ಸಾಕು. ಹತ್ತು ಕಡೆಯಿಂದ ಕರೆ ಬರುವ ಮನೆಯಲ್ಲಿ ಇರುವವರಿಗೆ ಹೇಳಿ ಮಾಡಿಸಿದ ಕೆಲಸ ಇದು.

ಈಗ ಸಾಮಾನಿನ ಮಾತು. ಬೆಳಗಾವಿಯ ಖಡೇ ಬಜಾರ, ಗಣಪತ ಗಲ್ಲಿಯ ಕಡೆ ಹೋದರೆ ಫಾಲ್, ಅಸ್ತರ, ಲೇಸು ಮಾರುವ ಮ್ಯಾಚಿಂಗ್ ಸೆಂಟರುಗಳಲ್ಲೇ ಸೂಜಿಯೂ ದಾರವೂ ಸಿಗುತ್ತವೆ. ಅಂಗಡಿಯವರು ಮೊದಲು ತೋರಿಸುವುದು ಹೊಳೆಯುವ ದಾರ, ರೋಮ ರೋಮವಾದ ಉಲನ್, ಗಾಢ ಕೆಂಪು, ಕಪ್ಪು. ಅವು ಬೇಡ. ಹೊಳೆಯುವ ದಾರ ಜಾರುತ್ತದೆ, ರೋಮದ ಉಲನ್‌ನಲ್ಲಿ ಕುಣಿಕೆ ಎಲ್ಲಿದೆಯೆಂದೇ ಗೊತ್ತಾಗುವುದಿಲ್ಲ, ಕಪ್ಪು ದಾರದಲ್ಲಿ ಪಳಗಿದವರಿಗೂ ಕಣ್ಣು ನೋಯುತ್ತದೆ. ಹೆಣಿಗೆಗೆಂದೇ ಬರುವ, ಮಧ್ಯಮ ದಪ್ಪದ, ಹತ್ತಿಯ ದಾರ ಕೇಳಿ. ಬಣ್ಣ ಹಾಲುಬಿಳಿ, ತಿಳಿ ಹಳದಿ, ತಿಳಿ ಹಸಿರು, ಯಾವುದಾದರೂ ತಿಳಿಯದು. ಸೂಜಿ ನಾಲ್ಕು ಮಿಲಿಮೀಟರಿನದು. ಹಿಡಿಯ ಮೇಲೆ ಕೆತ್ತಿರುತ್ತಾರೆ, ನೋಡಿ ಕೊಳ್ಳಿ. ತೆಳ್ಳನೆಯ ಉಕ್ಕಿನ ಸೂಜಿಗಳಲ್ಲಿ ಇನ್ನೊಂದು ಲೆಕ್ಕವಿದೆ. ಅಲ್ಲಿ ನಂಬರು ದೊಡ್ಡದಾದಷ್ಟೂ ಸೂಜಿ ಸಣ್ಣದು. ದೊಡ್ಡ ನಂಬರು ಎಂದರೆ ದಪ್ಪ ಸೂಜಿ ಎಂದುಕೊಂಡು ತಂದವರ ಕೈಗೆ ಕೂದಲೆಳೆಯಂಥ ಕೊಕ್ಕೆ ಬಂದಿರುತ್ತದೆ.

ಇಷ್ಟು ತಂದಾಯಿತು. ಏನು ಹೆಣೆಯಬೇಕು? ನಾನು ಹೇಳಬೇಕೆಂದು ಬಂದಿರುವ ಮುಖ್ಯ ಮಾತು ಇದೇ.

ನನ್ನ ಹತ್ತಿರ ಕಲಿಯಲು ಬರುವವರಲ್ಲಿ ಹೆಚ್ಚಿನವರು ಮನಸ್ಸಿನಲ್ಲಿ ಒಂದು ವಸ್ತು ಇಟ್ಟುಕೊಂಡೇ ಬರುತ್ತಾರೆ. ಒಬ್ಬರಿಗೆ ಮೊಮ್ಮಗುವಿಗೆ ಕುಂಚಿಗೆ ಬೇಕು, ಇನ್ನೊಬ್ಬರಿಗೆ ದೀಪಾವಳಿಯೊಳಗೆ ಬಾಗಿಲಿಗೆ ತೋರಣವಾಗಬೇಕು, ಕಾಲೇಜಿನ ಹುಡುಗಿಯರಿಗೆ ಸೀರೆಯ ಸೆರಗಿಗೆ ಕುಚ್ಚು ಹಾಕಲು ಬರಬೇಕು. ಮೂರೂ ಚೆಂದದ ಆಸೆಗಳು. ಮೂರೂ ಮೊದಲ ಕೆಲಸಕ್ಕೆ ಒಗ್ಗುವಂಥವಲ್ಲ. ತೋರಣಕ್ಕೆ ಒಂದೇ ಅಳತೆಯ ಹತ್ತು ಹನ್ನೆರಡು ತುಂಡು ಬೇಕು, ಹೊಸ ಕೈಗೆ ಎರಡು ತುಂಡು ಒಂದೇ ಅಳತೆಗೆ ಬರುವುದಿಲ್ಲ. ಕುಂಚಿಗೆಯಲ್ಲಿ ತಪ್ಪಿದರೆ ಮನಸ್ಸು ಒಡೆಯುತ್ತದೆ, ಏಕೆಂದರೆ ಅದನ್ನು ಯಾರಿಗಾಗಿ ಹೆಣೆಯುತ್ತಿದ್ದೇವೋ ಅವರ ಮೇಲಿನ ಪ್ರೀತಿಯೆಲ್ಲ ಅದರಲ್ಲಿ ಕೂತಿರುತ್ತದೆ.

ಮೊದಲು ಮಸಿ ಅರಿವೆ ಹೆಣೆಯಿರಿ ಎಂದು ನಾನು ಹೇಳುತ್ತೇನೆ. ಒಲೆಯಿಂದ ಬಿಸಿ ಪಾತ್ರೆ ಇಳಿಸುವ ಅರಿವೆ. ಇದನ್ನು ಕೇಳಿ ತಿಲಕವಾಡಿಯ ಒಬ್ಬರು ಗೃಹಿಣಿ ಬೇಸರಪಟ್ಟುಕೊಂಡರು. "ಮಸಿ ಅರಿವಿ ಯಾರಾದ್ರೂ ಹೆಣೀತಾರೇನ್ರೀ? ಹಳೆ ಪರಕಾರ ಹರದು ಇಟ್ಟಕೊಂಡ್ರ ಆತು." ಅವರ ಮಾತು ನ್ಯಾಯವೇ. ಆದರೆ ಹಳೆಯ ಪರಕಾರದ ಜಾಗದಲ್ಲಿ ಕೂರುವ ವಸ್ತುವಾದ್ದರಿಂದಲೇ ಅದು ಮೊದಲ ಹೆಣಿಗೆಗೆ ತಕ್ಕದ್ದು. ಅಂಚು ಸೊಟ್ಟಗಾದರೂ ಪಾತ್ರೆ ಇಳಿಯುತ್ತದೆ. ನೋಡಿದವರು ಹೇಗಿದೆ ಎಂದು ಕೇಳುವುದಿಲ್ಲ, ಹಾಗಾಗಿ ಕೈ ಹೆದರುವುದಿಲ್ಲ. ಮುಗಿದ ದಿನವೇ ಬಳಕೆಗೆ ಬರುತ್ತದೆ, ದಿನಕ್ಕೆ ಹತ್ತು ಸಲ ಕೈಗೆ ಸಿಗುತ್ತದೆ. ಪ್ರತಿ ಸಲ ಹಿಡಿದಾಗಲೂ ಇಲ್ಲಿ ಬಿಗಿಯಾಗಿದೆ, ಇಲ್ಲಿ ಸಡಿಲವಾಗಿದೆ ಎಂದು ಬೆರಳಿಗೆ ತಾನಾಗಿ ಗೊತ್ತಾಗುತ್ತದೆ. ಗಾಜಿನ ಕಪಾಟಿನಲ್ಲಿಟ್ಟ ಚೆಂದದ ಹೆಣಿಗೆ ಇದನ್ನು ಕಲಿಸುವುದಿಲ್ಲ.

ಸೂಜಿ ದಾರ ಹತ್ತಿರವಿದ್ದವರು ಈಗ ಹಿಡಿದುಕೊಳ್ಳಿ. ದಾರದ ತುದಿಯಿಂದ ಒಂದು ಗೇಣು ಬಿಟ್ಟು, ಎಳೆದರೆ ಬಿಗಿಯುವ ಉರುಳುಗಂಟಿನ ಕುಣಿಕೆ ಹಾಕಿ. ಅದನ್ನು ಸೂಜಿಗೆ ಏರಿಸಿ, ಸೂಜಿಯ ಮೇಲೆ ಸುಲಭವಾಗಿ ಜಾರುವಷ್ಟೇ ಬಿಗಿ ಮಾಡಿ. ಸೂಜಿ ಬಲಗೈಯಲ್ಲಿ. ಪೆನ್ನು ಹಿಡಿದಂತೆ ಹಿಡಿಯುವಿರೋ ಚಾಕು ಹಿಡಿದಂತೋ, ನಿಮ್ಮ ಕೈಯ ಇಷ್ಟ. ಎಡಗೈಯ ಕಿರುಬೆರಳಿಗೆ ದಾರವನ್ನು ಒಂದು ಸುತ್ತು ಸುತ್ತಿ, ಮುಂದೆ ತಂದು ತೋರುಬೆರಳಿನ ಮೇಲೆ ಹಾಯಿಸಿ. ದಾರದ ಬಿಗಿ ಸಡಿಲಗಳನ್ನು ಕಾಯುವುದು ಆ ಕಿರುಬೆರಳು. ಈಗ ಕೊಕ್ಕೆಯಿಂದ ದಾರವನ್ನು ಸಿಕ್ಕಿಸಿ, ಕುಣಿಕೆಯೊಳಗಿಂದ ಈಚೆಗೆ ಎಳೆಯಿರಿ. ಒಂದು ಸರಪಳಿ ಆಯಿತು. ಮತ್ತೆ ಸಿಕ್ಕಿಸಿ, ಎಳೆಯಿರಿ. ಎರಡು.

ಮೊದಲ ವಾರ ಸರಪಳಿ ಬಿಟ್ಟು ಬೇರೇನೂ ಬೇಡ. ನಾನು ಬೆಳಗಾವಿಗೆ ಕಾಲೇಜಿಗೆ ಬರುತ್ತಿದ್ದಾಗ ಪ್ಯಾಸೆಂಜರ್ ಗಾಡಿಯಲ್ಲಿ ಕೂತು ಇದಲಹೊಂಡ ದಾಟಿ ದೇಸೂರು ಬರುವವರೆಗೂ ಸರಪಳಿಯನ್ನೇ ಹಾಕುತ್ತಿದ್ದೆ. ಆಮೇಲೆ ಎಳೆದು ಬಿಚ್ಚಿ, ಸಂಜೆ ಹಿಂದಿರುಗುವಾಗ ಅದೇ ದಾರದಲ್ಲಿ ಮತ್ತೆ ಹಾಕುತ್ತಿದ್ದೆ. ಎದುರು ಕೂತ ತರಕಾರಿ ಮಾರುವ ಆಯಿಯೊಬ್ಬರು ನಾಲ್ಕು ದಿನ ನೋಡಿ, ಐದನೆಯ ದಿನ ನನ್ನ ಕೈಯಿಂದ ತಗೊಂಡು ತಾವೂ ಹಾಕಿದರು. ಕುಣಿಕೆಗಳೆಲ್ಲ ಒಂದೇ ಗಾತ್ರಕ್ಕೆ ಬರಲು ಶುರುವಾದಾಗ ಮುಂದಿನ ಹೆಜ್ಜೆ.

ಮೂವತ್ತೊಂದು ಸರಪಳಿ ಹಾಕಿ. ಸೂಜಿಯ ಮೇಲಿರುವ ಕುಣಿಕೆಯನ್ನು ಎಣಿಸಬೇಡಿ. ಸೂಜಿಗೆ ಹತ್ತಿರದ ಒಂದು ಸರಪಳಿಯನ್ನು ಬಿಟ್ಟು ಎರಡನೆಯದರೊಳಗೆ ಸೂಜಿ ತೂರಿಸಿ. ಆಚೆಯಿಂದ ದಾರ ಎಳೆದುಕೊಳ್ಳಿ, ಸೂಜಿಯ ಮೇಲೆ ಈಗ ಎರಡು ಕುಣಿಕೆ. ಮತ್ತೆ ದಾರ ಸಿಕ್ಕಿಸಿ, ಎರಡರೊಳಗಿಂದಲೂ ಒಟ್ಟಿಗೆ ಎಳೆಯಿರಿ. ಒಂದೇ ಉಳಿಯಿತು. ಮೂಕ ಕಂಬ ಅಂದರೆ ಇದು. ತೂರಿಸು, ಎಳೆ. ಸಿಕ್ಕಿಸು, ಎಳೆ. ಸಾಲು ಮುಗಿದಾಗ ಮೂವತ್ತು ಕಂಬ ಇರಬೇಕು. ಒಂದು ಸರಪಳಿ ಮೇಲಕ್ಕೆ ಹಾಕಿ, ಹೆಣಿಗೆಯನ್ನು ತಿರುಗಿಸಿ, ಮೊಟ್ಟಮೊದಲ ಕಂಬದ ನೆತ್ತಿಯಿಂದಲೇ ಮುಂದಿನ ಸಾಲು ಶುರು ಮಾಡಿ.

ಹೊಸಬರ ಚೌಕ ಕೆಡುವುದೆಲ್ಲ ಅಂಚಿನಲ್ಲಿ. ಸಾಲಿನ ಕೊನೆಯ ಕಂಬ ತುಸು ಓರೆಯಾಗಿ ಮಲಗಿರುತ್ತದೆ, ಕಣ್ಣು ಅದನ್ನು ದಾಟಿ ಹೋಗುತ್ತದೆ. ಸಾಲಿಗೊಂದು ಬಿಟ್ಟರೆ ಹತ್ತು ಸಾಲಿಗೆ ಮೂವತ್ತು ಇಪ್ಪತ್ತಾಗುತ್ತದೆ, ಚೌಕ ಹೋಗಿ ಮೊರದ ಆಕಾರ ಬರುತ್ತದೆ. ಪ್ರತಿ ಸಾಲಿನ ಮೊದಲ ಕಂಬಕ್ಕೂ ಕೊನೆಯ ಕಂಬಕ್ಕೂ ಒಂದೊಂದು ಸೇಫ್ಟಿ ಪಿನ್ ಸಿಕ್ಕಿಸಿಕೊಳ್ಳಿ. ಸಾಲು ಮುಗಿದಾಗಲೆಲ್ಲ ಎಣಿಸಿ, ಬೇಸರವಿಲ್ಲದೆ ಎಣಿಸಿ. ನನ್ನ ಮೊದಲ ಅರಿವೆ ಮೊರವಾದಾಗ ನಾನು ಅತ್ತಿದ್ದೆ. ಮಾವಶಿ ಬೈಯಲೂ ಇಲ್ಲ, ಸಮಾಧಾನ ಮಾಡಲೂ ಇಲ್ಲ. "ಯಾಕ ಅಳತಿ ತಂಗೀ? ಬಿಚ್ಚ ಅದನ್ನ. ದಾರ ಎಲ್ಲಿ ಹೋಗತೈತಿ?" ಎಂದು ತುದಿ ಹಿಡಿದು ಎಳೆದರು. ಸರಸರನೆ ಹನ್ನೆರಡು ಸಾಲು ಬಿಚ್ಚಿಕೊಂಡಿತು. ದಾರ ಪೂರ್ತಿ ನನ್ನ ಮಡಿಲಿನಲ್ಲಿತ್ತು, ಒಂದು ಎಳೆಯೂ ಹಾಳಾಗಿರಲಿಲ್ಲ. ಬಟ್ಟೆ ತಪ್ಪು ಕತ್ತರಿಸಿದರೆ ಹೋಯಿತು, ಮಣ್ಣಿನ ಗಡಿಗೆ ಸುಟ್ಟ ಮೇಲೆ ತಿದ್ದಲಾಗದು. ಕ್ರೋಶಾ ಮಾತ್ರ ಮಾಡಿದ ತಪ್ಪನ್ನೆಲ್ಲ ವಾಪಸು ತಗೊಂಡು ಪೂರ್ತಿ ಬಂಡವಾಳ ಕೈಗೆ ಕೊಡುತ್ತದೆ. ಮಳೆಗಾಲದಲ್ಲಿ ದಾರ ತಂಪು ಹಿಡಿದು ಸೂಜಿ ತಡವರಿಸಿದರೆ ಮಾವಶಿ ಸೂಜಿಯನ್ನು ಒಮ್ಮೆ ತಲೆಗೂದಲಿಗೆ ಉಜ್ಜಿಕೊಳ್ಳುತ್ತಿದ್ದರು. ಅಷ್ಟು ಎಣ್ಣೆಯ ಪಸೆ ಸಾಕು.

ಚೌಕವಾಯಿತೇ ಎಂದು ನೋಡಲು ಪಟ್ಟಿ ಬೇಡ, ಮೂಲೆಗೆ ಮೂಲೆ ಸೇರಿಸಿ ಓರೆಯಾಗಿ ಮಡಚಿ. ಅಂಚುಗಳು ಕೂಡಿದರೆ ಮುಗಿಯಿತು. ದಾರವನ್ನು ಗೇಣುದ್ದ ಬಿಟ್ಟು ಕತ್ತರಿಸಿ, ಕೊನೆಯ ಕುಣಿಕೆಯೊಳಗಿಂದ ಪೂರ್ತಿ ಎಳೆದುಬಿಡಿ. ಉಳಿದ ತುದಿಯನ್ನು ದಬ್ಬಣದಿಂದ ಹೆಣಿಗೆಯೊಳಗೆ ಹೋಗಿ ಬರುವಂತೆ ಎರಡು ಸಲ ಪೋಣಿಸಿ ಅಡಗಿಸಿ. ಇಂಥವು ಎರಡು ಹೆಣೆದು ಬೆನ್ನಿಗೆ ಬೆನ್ನು ಹಚ್ಚಿ ಸುತ್ತ ಹೊಲಿದರೆ ಕುಕ್ಕರ್ ಇಳಿಸುವಷ್ಟು ದಪ್ಪ ಬರುತ್ತದೆ.

ಎಚ್ಚರದಿಂದ ಕೇಳಬೇಕಾದ ಮಾತೊಂದಿದೆ. ಒಲೆಯ ಕೆಲಸಕ್ಕೆ ಹತ್ತಿಯ ದಾರವೇ ಆಗಬೇಕು. ಅಂಗಡಿಯಲ್ಲಿ ಉಲನ್ ಎಂದು ಮಾರುವುದರಲ್ಲಿ ಹೆಚ್ಚಿನದು ಅಕ್ರಿಲಿಕ್, ಅದು ಕುರಿಯ ಉಣ್ಣೆಯಲ್ಲ. ಬೆಂಕಿಯ ಕಾವಿಗೆ ಅಕ್ರಿಲಿಕ್ ಕರಗಿ ಚರ್ಮಕ್ಕೆ ಅಂಟಿಕೊಳ್ಳುತ್ತದೆ. ಗೊತ್ತಾಗದಿದ್ದರೆ ಒಂದು ಬೆರಳುದ್ದ ದಾರವನ್ನು ಇಕ್ಕಳದಲ್ಲಿ ಹಿಡಿದು ಸುಟ್ಟು ನೋಡಿ. ಹತ್ತಿ ಕಾಗದದಂತೆ ಉರಿದು ಬೂದಿಯಾಗುತ್ತದೆ, ಅಕ್ರಿಲಿಕ್ ಗಟ್ಟಿ ಮಣಿಯಾಗುತ್ತದೆ. ಹತ್ತಿಯ ಅರಿವೆಯನ್ನೂ ಒದ್ದೆಯಿದ್ದಾಗ ಬಿಸಿ ಪಾತ್ರೆಗೆ ಹಿಡಿಯಬೇಡಿ, ನೀರು ಕಾವನ್ನು ಸೀದಾ ಅಂಗೈಗೆ ತಂದುಬಿಡುತ್ತದೆ.

ಕುಚ್ಚಿನ ಮಾತನ್ನು ತೇಲಿಸಿ ಬಿಡಲಾರೆ. ವಡಗಾವಿ, ಶಹಾಪುರ, ಖಾಸಬಾಗದ ಕಡೆ ಓಣಿ ಹೊಕ್ಕರೆ ಮಗ್ಗದ ಸದ್ದು ಕೇಳಿಸುವ ಊರು ನಮ್ಮದು. ಸೀರೆಯಿದ್ದಲ್ಲಿ ಸೆರಗಿದೆ, ಸೆರಗಿದ್ದಲ್ಲಿ ಕುಚ್ಚಿದೆ. ಮೊದಲು ಸೆರಗಿನ ಎಳೆಗಳನ್ನೇ ಗಂಟು ಹಾಕಿ ಗೊಂಡೆ ಬಿಡುತ್ತಿದ್ದರು. ಈಗ ರೇಷ್ಮೆ ದಾರ, ಮಣಿ, ಸಣ್ಣ ಉಕ್ಕಿನ ಸೂಜಿ ಹಿಡಿದು ಕ್ರೋಶಾ ಕುಚ್ಚು ಹಾಕುವ ಹೆಣ್ಣುಮಕ್ಕಳು ಓಣಿ ಓಣಿಯಲ್ಲಿದ್ದಾರೆ. ಮನೆಯಲ್ಲೇ ಕೂತು ನಾಲ್ಕು ಕಾಸು ದುಡಿಯುವ ಈ ದಾರಿಯ ಬಗ್ಗೆ ನನಗೆ ತುಂಬ ಗೌರವವಿದೆ. ಆದರೆ ವಾರದೊಳಗೆ ಕುಚ್ಚು ಕಲಿಸಿ ಎಂದು ಬರುವ ಹುಡುಗಿಗೆ ನಾನು ಮೂರು ಮಸಿ ಅರಿವೆಯ ಕೆಲಸ ಕೊಡುತ್ತೇನೆ. ರೇಷ್ಮೆ ಎಳೆ ಜಾರುತ್ತದೆ, ಬೆರಳಿನ ಒರಟಿಗೆ ಸಿಕ್ಕಿ ಸೀಳುತ್ತದೆ. ಸೂಜಿಯನ್ನು ಸೀರೆಯ ಅಂಚಿಗೇ ತೂರಿಸಬೇಕು. ಅಲ್ಲಿ ಬಿಚ್ಚಿದರೆ ದಾರ ವಾಪಸು ಬರುತ್ತದೆ, ಸೀರೆಯಲ್ಲಿ ಬಿದ್ದ ತೂತು ಮುಚ್ಚುವುದಿಲ್ಲ. ಅದೂ ಬೇರೆಯವರ ಮದುವೆ ಸೀರೆ. ದಪ್ಪ ದಾರದಲ್ಲಿ ಕೈ ಕುದುರಿದ ಮೇಲೆ ಸಣ್ಣ ದಾರಕ್ಕೆ ಇಳಿಯುವುದು ಸಲೀಸು.

ಕೂಲಿಯ ಮಾತೂ ಇದೆ. ಐರ್ಲೆಂಡಿನಲ್ಲಿ 1845ರಿಂದ ಆಲೂಗಡ್ಡೆ ಬೆಳೆ ಕೊಳೆತು ಕ್ಷಾಮ ಬಂದಾಗ ಕ್ರೈಸ್ತ ಸನ್ಯಾಸಿನಿಯರು ಬಡ ಮನೆಗಳಿಗೆ ಕ್ರೋಶಾ ಲೇಸು ಕಲಿಸಿದರು, ಅದನ್ನು ಮಾರಿ ಎಷ್ಟೋ ಸಂಸಾರಗಳು ಉಸಿರು ಹಿಡಿದವು. ನಮ್ಮ ಆಂಧ್ರದ ಗೋದಾವರಿ ತೀರದ ನರಸಾಪುರಕ್ಕೂ ಈ ವಿದ್ಯೆ ಹತ್ತೊಂಬತ್ತನೆಯ ಶತಮಾನದಲ್ಲಿ ಮಿಷನರಿಗಳ ಕೈಯಿಂದಲೇ ಬಂತು. ಅಲ್ಲಿನ ಕ್ರೋಶಾ ಲೇಸಿಗೆ 2024ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ಸಿಕ್ಕಿದೆ. ಅಲ್ಲಿ ಲೇಸು ಹೆಣೆಯುವ ಹೆಂಗಸರ ಬದುಕಿನ ಮೇಲೆ ಜರ್ಮನಿಯ ಸಮಾಜಶಾಸ್ತ್ರಜ್ಞೆ ಮರಿಯಾ ಮೀಸ್ 1982ರಲ್ಲಿ ಒಂದು ಪುಸ್ತಕ ಬರೆದರು. ಹೊರದೇಶಕ್ಕೆ ಹೋಗುವ ಲೇಸು ಹೆಣೆಯುವ ಅವರನ್ನು ದುಡಿಯುವವರೆಂದು ಎಣಿಸದೆ, ಬಿಡುವಿನಲ್ಲಿ ಏನೋ ಮಾಡುವ ಗೃಹಿಣಿಯರೆಂದು ಕಂಡದ್ದರಿಂದಲೇ ಕೂಲಿ ಅಷ್ಟು ಕಡಿಮೆ ಉಳಿಯಿತು ಎಂದು ತೋರಿಸಿದರು. ಕುಚ್ಚು ಹಾಕುವ ನಮ್ಮ ಹುಡುಗಿಯರಿಗೆ ನಾನು ಇದನ್ನು ಹೇಳುತ್ತಲೇ ಇರುತ್ತೇನೆ. ಒಂದು ಸೀರೆಗೆ ಎಷ್ಟು ತಾಸು ಹಿಡಿಯಿತೆಂದು ಚೀಟಿಯಲ್ಲಿ ಬರೆದಿಡಿ, ದಾರ ಮಣಿಯ ಖರ್ಚು ಬೇರೆ ಬರೆಯಿರಿ, ಆಮೇಲೆ ಬೆಲೆ ಹೇಳಿ.

ಚೌಕ ಬಂದವರಿಗೆ ಎರಡನೆಯ ಕೆಲಸ, ಸಿಂಬಿ. ಖಾನಾಪುರ ಮಣ್ಣಿನ ಊರು. ಕುಂಬಾರಿಕೆ ಕಲಿಸುವ ಕೇಂದ್ರ ಸಂಸ್ಥೆಯೇ ಅಲ್ಲಿದೆ. ಬೇಸಿಗೆಗೆ ನೀರಿನ ಗಡಿಗೆ ತರದ ಮನೆ ನಮ್ಮ ಕಡೆ ಕಡಿಮೆ. ಗಡಿಗೆಯ ತಳ ಗುಂಡಗೆ, ಕೂರಲು ಸಿಂಬಿ ಬೇಕು. ಹುಲ್ಲಿನ ಸಿಂಬಿಯ ಜಾಗದಲ್ಲಿ ಹಳೆಯ ನೂಲಿನ ಸೀರೆಯದು ಹೆಣೆಯಬಹುದು. ಸೀರೆಯನ್ನು ಉದ್ದಕ್ಕೆ ಎರಡು ಬೆರಳಗಲದ ಪಟ್ಟಿಗಳಾಗಿ ಹರಿಯಿರಿ. ಪಟ್ಟಿ ಮುಗಿದಲ್ಲಿ ಗಂಟು ಬೇಡ. ಎರಡೂ ತುದಿಯಲ್ಲಿ ಸಣ್ಣ ಸೀಳು ಮಾಡಿ, ಒಂದರೊಳಗೊಂದು ತೂರಿಸಿ ಎಳೆದರೆ ಜೋಡಣೆ ಕಾಣುವುದೇ ಇಲ್ಲ. ಸೂಜಿ ಮಾತ್ರ ದೊಡ್ಡದು, ಎಂಟರಿಂದ ಹತ್ತು ಮಿಲಿಮೀಟರಿನದು.

ನಾಲ್ಕು ಸರಪಳಿ ಹಾಕಿ, ಮೊದಲನೆಯದಕ್ಕೆ ಕೂಡಿಸಿ ಉಂಗುರ ಮಾಡಿ. ಉಂಗುರದೊಳಗೆ ಆರು ಮೂಕ ಕಂಬ. ಎರಡನೆಯ ಸುತ್ತಿನಲ್ಲಿ ಒಂದೊಂದರ ಮೇಲೂ ಎರಡೆರಡು, ಹನ್ನೆರಡು. ಮೂರನೆಯ ಸುತ್ತಿನಲ್ಲಿ ಒಂದು ಬಿಟ್ಟು ಒಂದರ ಮೇಲೆ ಎರಡು, ಹದಿನೆಂಟು. ಆಮೇಲೆ ಇಪ್ಪತ್ತನಾಲ್ಕು, ಮೂವತ್ತು. ಸುತ್ತಿಗೆ ಆರೇ ಆರು ಹೆಚ್ಚಿದರೆ ಹೆಣಿಗೆ ರೊಟ್ಟಿಯಂತೆ ಸಮನಾಗಿ ಮಲಗುತ್ತದೆ. ಹೆಚ್ಚು ಸೇರಿಸಿದರೆ ಅಂಚು ಅಲೆಯಾಗುತ್ತದೆ, ಕಡಿಮೆಯಾದರೆ ಬಟ್ಟಲಾಗಿ ಏಳುತ್ತದೆ. ಸುತ್ತು ಶುರುವಾದಲ್ಲಿ ಪಿನ್ ಇರಲಿ. ಗಡಿಗೆಯ ತಳದಷ್ಟು ಅಗಲವಾದ ಮೇಲೆ ಎರಡು ಸುತ್ತು ಏನೂ ಹೆಚ್ಚಿಸದೆ ಹೆಣೆದರೆ ಅಂಚು ಎದ್ದು ನಿಂತು ಗಡಿಗೆಯನ್ನು ಹಿಡಿಯುತ್ತದೆ.

ಈ ಕೆಲಸ ಮಾಡುವಾಗ ನನಗೆ ಖಾನಾಪುರದ ಕಾಡಂಚಿನ, ಆಚೆ ಹಳಿಯಾಳ, ಯಲ್ಲಾಪುರದ ಸಿದ್ದಿ ಹೆಂಗಸರ ಕೌದಿ ನೆನಪಾಗುತ್ತದೆ. ಅವರದೂ ಹಳೆಯ ಸೀರೆಯೇ. ಆದರೆ ಅವರು ಹೊರ ಅಂಚಿನಿಂದ ಶುರು ಮಾಡಿ, ಸುತ್ತುತ್ತ ಸುತ್ತುತ್ತ ನಡುವಿಗೆ ಬಂದು ಮುಗಿಸುತ್ತಾರೆ. ನಮ್ಮ ಸಿಂಬಿ ನಡುವಿನಿಂದ ಹೊರಟು ಅಂಚಿಗೆ ಹೋಗುತ್ತದೆ. ಅಂಚಿನಿಂದ ಹೊರಟವರಿಗೆ ಹೊದಿಕೆ ಎಷ್ಟು ದೊಡ್ಡದೆಂದು ಮೊದಲೇ ಗೊತ್ತು. ನಮಗೆ ಬೇಕಾದಾಗ ನಿಲ್ಲಿಸುವ ಸ್ವಾತಂತ್ರ್ಯ. ಎರಡೂ ತಲೆಬಾಗುವಂಥ ಜಾಣತನ.

ಬಟ್ಟಲಾಗಿ ಎದ್ದ ಸಿಂಬಿಯನ್ನು ನೋಡಿ ಬೇಸರವಾದವರಿಗೆ ಈಗ ಹೇಳುತ್ತೇನೆ, ಟೊಪ್ಪಿಗೆ ಹೆಣೆಯುವುದೆಂದರೆ ಅದೇ. ಕುಂಚಿಗೆಯ ಆಸೆಯಿಂದ ಬಂದವರು ಇಲ್ಲಿಂದ ಶುರು ಮಾಡಲಿ. ಇಳಿಬಿದ್ದ ಕುಂಚಿಗೆ ಆಮೇಲೆ, ಮೊದಲು ಬರೀ ಟೊಪ್ಪಿಗೆ. ಆಗ ಹುಟ್ಟಿದ ಕೂಸಿನ ತಲೆಯ ಸುತ್ತಳತೆ ಸುಮಾರು 35 ಸೆಂಟಿಮೀಟರ್. ಮೆತ್ತನೆಯ ಹತ್ತಿ ದಾರದಲ್ಲಿ ಆರಾರು ಹೆಚ್ಚಿಸುತ್ತ, ವೃತ್ತದ ಅಗಲ ಹತ್ತೂವರೆ ಸೆಂಟಿಮೀಟರ್ ಆಗುವವರೆಗೆ ಬನ್ನಿ. ಅಲ್ಲಿಗೆ ಹೆಚ್ಚಿಸುವುದು ನಿಲ್ಲಿಸಿ, ಕಂಬದ ಮೇಲೆ ಕಂಬದಂತೆ ನೇರ ಸುತ್ತು ಹಾಕುತ್ತ ಹೋಗಿ. ನೆತ್ತಿಯಿಂದ ಅಂಚಿಗೆ ಹದಿಮೂರು ಹದಿನಾಲ್ಕು ಸೆಂಟಿಮೀಟರ್ ಆದರೆ ಸಾಕು. ಹೆಣಿಗೆ ಹಿಗ್ಗುತ್ತದೆ, ತಲೆಗಿಂತ ತುಸು ಚಿಕ್ಕದೇ ಇರಲಿ. ಮಣಿ, ಗುಂಡಿ, ಉದ್ದ ಲಾಡಿ ಕೂಸಿನ ಟೊಪ್ಪಿಗೆಗೆ ಬೇಡ, ಕೈಗೆ ಸಿಕ್ಕಿದ್ದು ಬಾಯಿಗೆ ಹೋಗುತ್ತದೆ. ತೊಡಿಸುವ ಮೊದಲು ಒಮ್ಮೆ ಒಗೆಯಿರಿ. ಹಿಂಡಬೇಡಿ, ಪಂಚೆಯಲ್ಲಿ ಸುತ್ತಿ ಒತ್ತಿ ನೀರು ತೆಗೆದು, ಒಂದು ಬಟ್ಟಲು ಬೋರಲು ಹಾಕಿ ಅದರ ಮೇಲೆ ಒಣಗಿಸಿ. ಜಾಂಬೋಟಿ, ಕಣಕುಂಬಿಯ ಕಡೆಯವರಿಗೆ ಆಷಾಢದಲ್ಲಿ ದಪ್ಪ ಹತ್ತಿ ಒಣಗಲು ಎರಡು ಮೂರು ದಿನ ಹಿಡಿಯುತ್ತದೆ. ಹೊಗೆಯ ವಾಸನೆ ಕೂಸಿಗೆ ಆಗದು, ಒಲೆಯ ಮೇಲಿನ ಹಗ್ಗಕ್ಕೆ ಹಾಕಬೇಡಿ. ಮಳೆಗಾಲದಲ್ಲಿ ಹೆರಿಗೆಯಿದ್ದರೆ ಮೂರು ಟೊಪ್ಪಿಗೆ ಹೆಣೆದಿಟ್ಟುಕೊಳ್ಳಿ.